ಕಲಂ ಎರಡು: ಪರಿಭಾಷೆಗಳು

ಬಾಲರಾಜ ಅರಸ್ ರಸ್ತೆ, ಶಿವಮೊಗ್ಗ.
ಮೆಟ್ಟಿಲ ಕೆಳಗಿನ ಅಂಗಡಿ ನಮ್ಮದು.
ಬಾಡಿಗೆ ಕರಾರು, ವಕಾಲತ್ತು,
ಹೆಸರು ಬದಲಾವಣೆಯ ಅಫಿಡವಿಟ್ಟು,
ಕಳೆದುಹೋದ ಮಾರ್ಕ್ಸ್‌ಕಾರ್ಡಿಗೆ ಪೊಲೀಸರಿಗೊಂದು ಅರ್ಜಿ.
ಪುಟಕ್ಕೆ ಇಪ್ಪತ್ತೈದು ರೂಪಾಯಿ.
ಅರ್ಥ ಕೇಳಬಾರದು, ಬೆರಳು ನಿಲ್ಲಬಾರದು,
ಇದು ಮಾಲೀಕ ಷಡಕ್ಷರಪ್ಪ ಕಲಿಸಿದ ಪಾಠ.

ಮಾಘದಲ್ಲಿ ಬಂದ,
ನೆಲ ನೋಡದೆ ನಡೆಯುವ ಹುಡುಗ, ತನ್ಮಯ್ ಅಂತ.
ಕೊರಳಲ್ಲಿ ಕಂಪನಿಯ ಪಟ್ಟಿ,
ಕೈಯಲ್ಲಿ ಇಂಗ್ಲಿಷಿನ ಮೂವತ್ತೊಂದು ಹಾಳೆ.
"ನಾಳೆ ಬೆಳಿಗ್ಗೆಯೊಳಗೆ ಕನ್ನಡ ಆಗಬೇಕು. ಪುಟಕ್ಕೆ ಮುನ್ನೂರು."
ಷಡಕ್ಷರಪ್ಪ ಕುರ್ಚಿ ಒರೆಸಿ ಕೊಟ್ಟರು,
ನಿವೃತ್ತ ಶಿರಸ್ತೇದಾರ ವಾಮನ ಭಟ್ಟರನ್ನು ಕರೆಸಿದರು.
ಅವರು ಕನ್ನಡ ಮಾಡಿ ಹೇಳುವುದು,
ನಾನು ಕುಟ್ಟುವುದು.

ಮಲೆನಾಡು ಜಲಮೂಲ ಸದ್ಬಳಕೆ ವಿಧೇಯಕ.
ಇಲಾಖೆಯ ಹೆಸರಿದ್ದ ಕಡೆ ಖಾಲಿ ಗೆರೆ.
"ಯಾವ ಇಲಾಖೆ ಸರ್?"
"ಅದನ್ನ ಅವರೇ ತುಂಬಿಕೊಳ್ತಾರೆ."
ಲಗ್ನಪತ್ರಿಕೆ ಪೂರಾ ಅಚ್ಚಾಗಿ
ಗಂಡಿನ ಹೆಸರೊಂದೇ ಬಾಕಿ ಇದ್ದ ಹಾಗೆ.

ಸಂದರ್ಭವು ಅನ್ಯಥಾ ಅಗತ್ಯಪಡಿಸದ ಹೊರತು
ನಿವಾಸಿ ಎಂದರೆ ಪಹಣಿಯಲ್ಲಿ ಹೆಸರಿದ್ದವನು.
ಹಾನಿ ಎಂದರೆ, ಮಂಡಳಿಯು ಹಾನಿಯೆಂದು ಒಪ್ಪಿದ್ದು.
ಆಮೇಲೆ ಉಪಖಂಡ (ಚ), ಭಟ್ಟರ ನಶ್ಯದ ದನಿಯಲ್ಲಿ:
ವರ್ಷದ ಹನ್ನೆರಡು ತಿಂಗಳೂ ಹರಿಯದ ಹಳ್ಳವು
ಈ ಅಧಿನಿಯಮದ ಉದ್ದೇಶಗಳಿಗಾಗಿ
ಹಳ್ಳವಲ್ಲ.

ಬೆರಳು ನಿಂತಿತು.

ಸೊರಬದ ಕಡೆ ನಮ್ಮೂರಲ್ಲಿ ಒಂದಿದೆ.
ಶಿವರಾತ್ರಿಗೆ ಸೊರಗಿ, ಯುಗಾದಿಗೆ ಬರೀ ಕಲ್ಲು.
ಅವ್ವ ಗುತ್ಯಮ್ಮ ಮರಳು ತೋಡಿ, ಒರತೆ ಕಾದು,
ಗೆರಟೆಯಲ್ಲಿ ಮೊಗೆಯುವಳು. ಕೊಡ ತುಂಬಲು ಅರ್ಧ ಗಂಟೆ.
"ಒಳಗೆ ಅರೀತೈತೆ ಮಗಾ, ಮ್ಯಾಲೆ ಕಾಣಾದಿಲ್ಲ ಅಷ್ಟೆಯ."
ಹಕಾರ ಅವಳ ನಾಲಿಗೆಗೆ ಹತ್ತಿದ್ದೇ ಇಲ್ಲ.
ನನಗೆ ಹತ್ತಿಸಿದ್ದು ಮೇಷ್ಟ್ರ ಬೆತ್ತ.

"ಏನಮ್ಮಾ, ಕರೆಂಟ್ ಹೋಯ್ತಾ?" ಭಟ್ಟರು ಕೇಳಿದರು.
ಇಲ್ಲ ಅಂದೆ.
ಕುಟ್ಟಿದೆ.

ಆಷಾಢದ ಪೇಪರಿನಲ್ಲಿ, ಜಾಹೀರಾತಿನ ಸಂದಿಯಲ್ಲಿ, ನಾಲ್ಕು ಸಾಲು.
ವಿಧೇಯಕಕ್ಕೆ ಧ್ವನಿಮತದ ಅಂಗೀಕಾರ, ಹನ್ನೊಂದು ನಿಮಿಷ.
ವಿರೋಧ ಪಕ್ಷ ಇನ್ಯಾವುದಕ್ಕೋ ಸಭಾತ್ಯಾಗ ಮಾಡಿತ್ತಂತೆ.
"ಮಲೆನಾಡಿಗರ ಬಹುದಿನದ ಬೇಡಿಕೆ" ಅಂದರಂತೆ ಮಂತ್ರಿಗಳು.
ಬೇಡಿಕೆ ಹೋದದ್ದು ನೀಲಿ ಪೆನ್‌ಡ್ರೈವಿನಲ್ಲಿ;
ಮುಚ್ಚಳ ಹಾಕಿ ಕೊಟ್ಟವಳು ನಾನು.

ಇವತ್ತು ವಕೀಲರೊಬ್ಬರು ರಾಜ್ಯಪತ್ರ ತಂದರು, ಜೆರಾಕ್ಸಿಗೆ.
ಮೇಲೆ ಗಂಡಭೇರುಂಡ:
ತಲೆ ಎರಡು, ದಿಕ್ಕು ಎರಡು, ಹೊಟ್ಟೆ ಒಂದೇ.
ಖಾಲಿ ಗೆರೆಯ ಮೇಲೆ ಒಂದು ಇಲಾಖೆ ಬಂದು ಕೂತಿದೆ.
ಹಾಳೆ ಗಾಜಿನ ಮೇಲೆ ಮಗುಚುವಾಗ ಕಂಡಿತು:
ವರ್ಷದ ಹನ್ನೆರಡು ತಿಂಗಳೂ ಅರಿಯದ ಹಳ್ಳವು

ಹ ಇಲ್ಲ.

ಕಂಪನಿ ಓದಿಲ್ಲ. ಇಲಾಖೆ ಓದಿಲ್ಲ.
ಹೌದು ಹೌದು ಎಂದು ಕೂಗಿದವರು ಓದಿಲ್ಲ,
ಅವರ ಹಕಾರವೇನೋ ಸ್ವಚ್ಛವಾಗಿಯೇ ಇದ್ದಿರಬೇಕು.
ಅವ್ವನ ನಾಲಿಗೆ ವಿಧಾನಸೌಧದ ಮೆಟ್ಟಿಲು ಹತ್ತಿ,
ಎರಡೂ ಸದನ ದಾಟಿ,
ರಾಜ್ಯಪಾಲರ ಅಂಕಿತ ಹಾಕಿಸಿಕೊಂಡು ಬಂದಿದೆ.
ಈಗ ಕಾನೂನಿನ ಪ್ರಕಾರ
ಎಲ್ಲ ತಿಂಗಳೂ ಅರಿತಿರಬೇಕು ಹಳ್ಳ.
ನಮ್ಮೂರಿನದು ಅರಿತೇ ಇತ್ತು, ಕಲ್ಲಾಗಿದ್ದಾಗಲೂ.

ಕಡತ ಕಂಪ್ಯೂಟರಿನಲ್ಲಿ ಹಾಗೇ ಇದೆ,
"ತನ್ಮಯ್ ಅರ್ಜೆಂಟ್" ಅನ್ನುವ ಹೆಸರಲ್ಲಿ,
ತಾರೀಖಿನ ಸಮೇತ:
ಸರ್ಕಾರಕ್ಕೆ ಈ ಯೋಚನೆ ಬರುವ ಐದು ತಿಂಗಳ ಮೊದಲು,
ರಾತ್ರಿ ಹನ್ನೊಂದು ಇಪ್ಪತ್ತು.
ಅಳಿಸು ಅಂದಿದ್ದಾರೆ ಷಡಕ್ಷರಪ್ಪ, ಎರಡು ಸಲ.

ವಕೀಲರು ಚಿಲ್ಲರೆ ಎಣಿಸುತ್ತಿದ್ದಾರೆ.
"ಸರ್, ಎರಡನೇ ಪುಟದಲ್ಲಿ ಒಂದಕ್ಷರ ತಪ್ಪಿದೆ.
ಯಾರ ತಪ್ಪು ಅಂತ ನಂಗೊತ್ತು."